‘ಮೂಲವಿಲ್ಲ’ ಎಂಬ ಮಾತಿನ ಸಾವಿರ ವರ್ಷ

ಎಸ್.ಎಸ್.ಎಲ್.ಸಿ. ಓದುತ್ತಿರುವ ಮಗನೋ ಮಗಳೋ ನಿಮ್ಮ ಮನೆಯಲ್ಲಿದ್ದರೆ, ಸಂಜೆಯ ಜಪಸರ ಮುಗಿದ ಮೇಲೆ ಅವರ ಗಣಿತದ ಪುಸ್ತಕವನ್ನು ಒಮ್ಮೆ ತೆರೆದು ನೋಡಿ. ವರ್ಗ ಸಮೀಕರಣಗಳ ಅಧ್ಯಾಯದಲ್ಲಿ ‘ಶೋಧಕ’ ಎಂಬ ಒಂದು ಬೆಲೆಯನ್ನು ಲೆಕ್ಕ ಹಾಕುವ ಕ್ರಮವಿದೆ. ಆ ಬೆಲೆ ಸೊನ್ನೆಗಿಂತ ಕಡಿಮೆಯಾದರೆ, ಸಮೀಕರಣಕ್ಕೆ ವಾಸ್ತವ ಮೂಲಗಳಿಲ್ಲ ಎಂದು ಬರೆದು ಲೆಕ್ಕವನ್ನು ಮುಗಿಸಬೇಕು. ಮಕ್ಕಳು ಹಾಗೆಯೇ ಬರೆಯುತ್ತಾರೆ, ಅಂಕವನ್ನೂ ಪಡೆಯುತ್ತಾರೆ. ಆದರೆ ಅವರಲ್ಲೊಬ್ಬರು ತಲೆಯೆತ್ತಿ, “ಮೂಲಗಳಿಲ್ಲ ಎಂದರೆ ಸಾಕಿತ್ತಲ್ಲ, ‘ವಾಸ್ತವ’ ಎಂಬ ಪದ ಅಲ್ಲೇಕೆ? ವಾಸ್ತವವಲ್ಲದ ಮೂಲಗಳೂ ಇವೆಯೇ?” ಎಂದು ಕೇಳಿದರೆ ನಾವು ಏನು ಹೇಳುತ್ತೇವೆ? ಬಹುಶಃ, “ಅದು ಪರೀಕ್ಷೆಗೆ ಬರುವುದಿಲ್ಲ, ಮುಂದಿನದನ್ನು ಓದು” ಎನ್ನುತ್ತೇವೆ.

ಆ ಪುಟ್ಟ ಪ್ರಶ್ನೆಯ ಹಿಂದೆ ಸುಮಾರು ಸಾವಿರ ವರ್ಷಗಳ ಇತಿಹಾಸವಿದೆ. ಅದರಲ್ಲೊಂದು ಮುಖ್ಯ ಘಟ್ಟ ನಮ್ಮ ಕನ್ನಡ ನಾಡಿನಲ್ಲಿಯೇ ನಡೆದಿದೆ. ಆ ಕಥೆಯನ್ನು ಈ ತಿಂಗಳು ನಿಮ್ಮ ಮುಂದಿಡಬಯಸುತ್ತೇನೆ. ಗಣಿತವೆಂದರೆ ಭಯಪಡುವವರು ಪುಟ ತಿರುಗಿಸಬೇಕಾಗಿಲ್ಲ. ಕೂಡುವುದು, ಗುಣಿಸುವುದು ತಿಳಿದಿದ್ದರೆ ಸಾಕು.

ಮಾನ್ಯಖೇಟದ ಮಾತು

ಮೊದಲು ತೊಡಕು ಏನೆಂದು ನೋಡೋಣ. ಒಂದು ಸಂಖ್ಯೆಯನ್ನು ಅದರಿಂದಲೇ ಗುಣಿಸಿದಾಗ ಬರುವುದು ಅದರ ವರ್ಗ. ಮೂರರ ವರ್ಗ ಒಂಬತ್ತು. ಆದ್ದರಿಂದ ಒಂಬತ್ತರ ವರ್ಗಮೂಲ ಮೂರು. ಋಣ ಮೂರನ್ನು ಋಣ ಮೂರರಿಂದ ಗುಣಿಸಿದರೂ ಬರುವುದು ಧನ ಒಂಬತ್ತೇ. ಹಾಗಾದರೆ ಋಣ ಒಂಬತ್ತರ ವರ್ಗಮೂಲ ಯಾವುದು? ಧನಸಂಖ್ಯೆಯ ವರ್ಗ ಧನ, ಋಣಸಂಖ್ಯೆಯ ವರ್ಗವೂ ಧನ, ಸೊನ್ನೆಯ ವರ್ಗ ಸೊನ್ನೆ. ಎಲ್ಲಿ ಹುಡುಕಿದರೂ ತನ್ನನ್ನು ತಾನೇ ಗುಣಿಸಿಕೊಂಡು ಋಣವಾಗುವ ಸಂಖ್ಯೆ ಸಿಗುವುದಿಲ್ಲ.

ಋಣಸಂಖ್ಯೆಗಳನ್ನು ಅಂಜದೆ ಬಳಸಿದವರಲ್ಲಿ ಭಾರತೀಯರು ಮೊದಲಿಗರ ಸಾಲಿನಲ್ಲಿದ್ದಾರೆ. ಕ್ರಿ.ಶ. 628ರಲ್ಲಿ ಬ್ರಹ್ಮಗುಪ್ತನು ಧನ ಮತ್ತು ಋಣಗಳನ್ನು ಕೂಡುವ, ಗುಣಿಸುವ ನಿಯಮಗಳನ್ನು ಬರೆದಿಟ್ಟನು. ಧನವೆಂದರೆ ಆಸ್ತಿ, ಋಣವೆಂದರೆ ಸಾಲ. ಈ ಎರಡು ಪದಗಳು ಇಂದಿಗೂ ನಮ್ಮ ಕನ್ನಡ ಪಠ್ಯಪುಸ್ತಕಗಳಲ್ಲಿ ಹಾಗೆಯೇ ಉಳಿದಿವೆ.

ಬ್ರಹ್ಮಗುಪ್ತನಿಗೆ ಸುಮಾರು ಎರಡು ಶತಮಾನಗಳ ನಂತರ, ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡವು ಮಾನ್ಯಖೇಟವೆಂಬ ಹೆಸರಿನಲ್ಲಿ ರಾಷ್ಟ್ರಕೂಟರ ರಾಜಧಾನಿಯಾಗಿ ಮೆರೆಯುತ್ತಿತ್ತು. ಅಮೋಘವರ್ಷ ನೃಪತುಂಗನು ಅಲ್ಲಿ ಆಳುತ್ತಿದ್ದನು. ಕನ್ನಡದಲ್ಲಿ ಉಳಿದುಬಂದಿರುವ ಅತ್ಯಂತ ಹಳೆಯ ಗ್ರಂಥವಾದ ‘ಕವಿರಾಜಮಾರ್ಗ’ ಆ ಆಸ್ಥಾನದ್ದೆಂಬುದು ನಿಮಗೆ ತಿಳಿದೇ ಇದೆ. ಅದೇ ಅರಸನ ಕಾಲದಲ್ಲಿ, ಸುಮಾರು ಕ್ರಿ.ಶ. 850ರಲ್ಲಿ, ಮಹಾವೀರನೆಂಬ ಜೈನ ಪಂಡಿತನು ‘ಗಣಿತಸಾರಸಂಗ್ರಹ’ ಎಂಬ ಸಂಸ್ಕೃತ ಗ್ರಂಥವನ್ನು ರಚಿಸಿ ಅದರ ಆರಂಭದಲ್ಲಿ ಅಮೋಘವರ್ಷನನ್ನು ಕೊಂಡಾಡಿದನು. 1912ರಲ್ಲಿ ಎಂ. ರಂಗಾಚಾರ್ಯರು ಅದನ್ನು ಇಂಗ್ಲಿಷ್ ಅನುವಾದದೊಂದಿಗೆ ಮದ್ರಾಸಿನಲ್ಲಿ ಪ್ರಕಟಿಸಿದಾಗ ಹೊರಜಗತ್ತಿಗೆ ಅದರ ಮಹತ್ವ ತಿಳಿಯಿತು.

ಈ ಗ್ರಂಥದಲ್ಲಿ ಮಹಾವೀರನು ನಮ್ಮ ಪ್ರಶ್ನೆಯನ್ನು ನೇರವಾಗಿ ಎದುರಿಸುತ್ತಾನೆ. ಋಣಸಂಖ್ಯೆಯು ತನ್ನ ಸ್ವಭಾವದಿಂದಲೇ ಯಾವುದರ ವರ್ಗವೂ ಅಲ್ಲ. ಆದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂಬುದು ಅವನ ನಿಲುವು. ಹನ್ನೆರಡನೆಯ ಶತಮಾನದಲ್ಲಿ ಭಾಸ್ಕರಾಚಾರ್ಯನೂ ಇದೇ ಕಾರಣದಿಂದ ಇದೇ ತೀರ್ಮಾನಕ್ಕೆ ಬಂದನು. ಇಲ್ಲಿ ಗಮನಿಸಬೇಕಾದ ಮಾತೊಂದಿದೆ. ಮಹಾವೀರನು ‘ಇಲ್ಲ’ ಎಂದು ಹೇಳಿ ಸುಮ್ಮನಾಗಲಿಲ್ಲ, ಏಕೆ ಇಲ್ಲ ಎಂಬುದನ್ನೂ ಹೇಳಿದನು. ಕಾರಣ ಸಹಿತವಾದ ‘ಇಲ್ಲ’ ಬೇಲಿಯಂತೆ. ಅದರ ಆಚೆ ಏನಿದೆಯೆಂದು ಇಣುಕಿ ನೋಡಬಹುದು. ಕಾರಣವಿಲ್ಲದ ‘ಇಲ್ಲ’ ಬರಿಯ ಗೋಡೆ.

ಇಟಲಿಯ ಗುಟ್ಟು

ಆ ಬೇಲಿಯ ಆಚೆ ಕಾಲಿಟ್ಟವರು ಏಳು ಶತಮಾನಗಳ ನಂತರದ ಇಟಲಿಯವರು. ಅವರು ಋಣಸಂಖ್ಯೆಯ ಮೂಲವನ್ನು ಹುಡುಕಿ ಹೊರಟವರಲ್ಲ. ಅವರಿಗೆ ಬೇಕಾಗಿದ್ದುದು ಘನ ಸಮೀಕರಣವನ್ನು, ಅಂದರೆ ಒಂದು ಸಂಖ್ಯೆಯನ್ನು ಮೂರು ಬಾರಿ ಗುಣಿಸಿ ಬರುವ ಘನವನ್ನೊಳಗೊಂಡ ಸಮಸ್ಯೆಯನ್ನು, ಬಿಡಿಸುವ ಸೂತ್ರ.

ಬೊಲೋನ್ಯ ವಿಶ್ವವಿದ್ಯಾಲಯದ ಪ್ರಾಧ್ಯಾಪಕ ಶಿಪಿಯೋನೆ ದೆಲ್ ಫೆರ್ರೊ ಇದರ ಒಂದು ಬಗೆಗೆ ಸೂತ್ರವನ್ನು ಕಂಡುಹಿಡಿದನು, ಆದರೆ ಪ್ರಕಟಿಸಲಿಲ್ಲ. ಅಂದಿನ ಪಂಡಿತರು ಸಾರ್ವಜನಿಕ ಸ್ಪರ್ಧೆಗಳಲ್ಲಿ ಒಬ್ಬರಿಗೊಬ್ಬರು ಸವಾಲೆಸೆಯುತ್ತಿದ್ದರು. ಗೆದ್ದವರಿಗೆ ಕೀರ್ತಿಯೂ ಕೆಲಸವೂ ದೊರೆಯುತ್ತಿದ್ದವು. ಆದ್ದರಿಂದ ಸೂತ್ರವೆಂದರೆ ಗುಟ್ಟಾಗಿಡಬೇಕಾದ ಆಯುಧ. 1526ರಲ್ಲಿ ತೀರಿಕೊಳ್ಳುವ ಮೊದಲು ಅವನು ಅದನ್ನು ಫಿಯೊರ್ ಎಂಬ ಶಿಷ್ಯನಿಗೆ ತಿಳಿಸಿದ್ದನು.

ಈ ಫಿಯೊರ್ 1535ರಲ್ಲಿ ಸವಾಲೆಸೆದದ್ದು ಬ್ರೆಶಿಯಾ ಪಟ್ಟಣದ ನಿಕೊಲೊ ಎಂಬವನಿಗೆ. 1512ರಲ್ಲಿ ಫ್ರೆಂಚ್ ಸೈನಿಕರು ಬ್ರೆಶಿಯಾವನ್ನು ಸೂರೆಗೈದಾಗ ನಿಕೊಲೊ ಇನ್ನೂ ಹುಡುಗ. ಜನರೊಡನೆ ಪ್ರಧಾನಾಲಯದಲ್ಲಿ ಆಶ್ರಯ ಪಡೆದಿದ್ದ ಅವನ ಮುಖಕ್ಕೆ ಸೈನಿಕನೊಬ್ಬನ ಕತ್ತಿಯೇಟು ಬಿದ್ದು ದವಡೆ ಸೀಳಿತು. ವಿಧವೆಯಾದ ತಾಯಿ ಆರೈಕೆ ಮಾಡಿ ಅವನನ್ನು ಉಳಿಸಿಕೊಂಡಳು. ಮಾತು ಮಾತ್ರ ತೊದಲಾಯಿತು. ‘ತಾರ್ತಾಲ್ಯ’, ಅಂದರೆ ತೊದಲ, ಎಂಬ ಅಡ್ಡಹೆಸರನ್ನೇ ಅವನು ಹೆಸರನ್ನಾಗಿ ಮಾಡಿಕೊಂಡನು. ಫಿಯೊರ್ ಮುಂದಿಟ್ಟ ಮೂವತ್ತು ಲೆಕ್ಕಗಳೂ ಘನ ಸಮೀಕರಣದವು. ತಾರ್ತಾಲ್ಯನು ಸೂತ್ರವನ್ನು ಸ್ವತಃ ಕಂಡುಕೊಂಡು ಎಲ್ಲವನ್ನೂ ಬಿಡಿಸಿ ಗೆದ್ದನು.

ಸುದ್ದಿ ಮಿಲಾನಿನ ವೈದ್ಯ ಜೆರೊಲಾಮೊ ಕಾರ್ಡಾನೊನ ಕಿವಿಗೆ ಬಿತ್ತು. ಅವನು ಒತ್ತಾಯಿಸಿ, ಬಹಿರಂಗಪಡಿಸುವುದಿಲ್ಲವೆಂದು ಪ್ರಮಾಣ ಮಾಡಿ, 1539ರಲ್ಲಿ ತಾರ್ತಾಲ್ಯನಿಂದ ಸೂತ್ರವನ್ನು ಪಡೆದನು. ನಾಲ್ಕು ವರ್ಷಗಳ ಬಳಿಕ ಬೊಲೋನ್ಯಕ್ಕೆ ಹೋಗಿ, ಅದೇ ಸೂತ್ರ ದೆಲ್ ಫೆರ್ರೊನ ಹಸ್ತಪ್ರತಿಯಲ್ಲಿ ಮೊದಲೇ ಇದ್ದುದನ್ನು ನೋಡಿದನು. ಇನ್ನು ಪ್ರಮಾಣ ತನ್ನನ್ನು ಕಟ್ಟಿಹಾಕದು ಎಂದೆಣಿಸಿ, 1545ರಲ್ಲಿ ‘ಆರ್ಸ್ ಮಾಗ್ನಾ’ ಎಂಬ ಗ್ರಂಥದಲ್ಲಿ ಸೂತ್ರವನ್ನು ಅಚ್ಚು ಹಾಕಿಸಿದನು. ದೆಲ್ ಫೆರ್ರೊ, ತಾರ್ತಾಲ್ಯ ಇಬ್ಬರ ಹೆಸರನ್ನೂ ಅದರಲ್ಲಿ ಹೇಳಿದನು ನಿಜ. ಆದರೂ ತಾರ್ತಾಲ್ಯನ ಗಾಯ ಜೀವನವಿಡೀ ಮಾಯಲಿಲ್ಲ. ಯಾರದು ಸರಿ? ಒಬ್ಬನು ಕೊಟ್ಟ ಮಾತನ್ನು ಮುರಿದನು, ಮತ್ತೊಬ್ಬನು ಜ್ಞಾನವನ್ನು ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕಲು ಬಯಸಿದನು. ತೀರ್ಪನ್ನು ನಿಮ್ಮ ಮನಸ್ಸಾಕ್ಷಿಗೆ ಬಿಡುತ್ತೇನೆ.

ಇದೇ ಗ್ರಂಥದಲ್ಲಿ ಕಾರ್ಡಾನೊ ಒಂದು ವಿಚಿತ್ರವಾದ ಲೆಕ್ಕವನ್ನು ಕೊಟ್ಟಿದ್ದಾನೆ. ಹತ್ತನ್ನು ಎರಡು ಭಾಗ ಮಾಡಬೇಕು. ಆ ಭಾಗಗಳ ಗುಣಲಬ್ಧ ನಲವತ್ತಾಗಬೇಕು. ಸಮಭಾಗ ಮಾಡಿದರೂ ಐದೈದಲೆ ಇಪ್ಪತ್ತೈದನ್ನು ಮೀರುವುದಿಲ್ಲವಾದ್ದರಿಂದ ಇದು ಅಸಾಧ್ಯ. ಆದರೂ ಅವನು ನಿಯಮದಂತೆ ಮುಂದುವರಿದು 5 + √−15 ಮತ್ತು 5 − √−15 ಎಂಬ ಉತ್ತರವನ್ನು ಬರೆದನು. ಕೂಡಿದರೆ ಹತ್ತು. ಗುಣಿಸಿದರೆ ಇಪ್ಪತ್ತೈದರಲ್ಲಿ ಋಣ ಹದಿನೈದನ್ನು ಕಳೆಯಬೇಕು. ಸಾಲವನ್ನು ಕಳೆದರೆ ಆಸ್ತಿ ಹೆಚ್ಚಿದಂತೆಯೇ, ಆದ್ದರಿಂದ ನಲವತ್ತು. ಉತ್ತರ ಸರಿಹೊಂದಿತು! ಆದರೆ ಅದರ ಅರ್ಥ ಅವನಿಗೇ ಹೊಳೆಯಲಿಲ್ಲ. ಎಷ್ಟು ಸೂಕ್ಷ್ಮವೋ ಅಷ್ಟೇ ನಿರುಪಯೋಗಿ ಎಂದು ಭಾವಿಸಿ ಅದನ್ನು ಅಲ್ಲಿಗೇ ಬಿಟ್ಟುಬಿಟ್ಟನು.

ಜೌಗು ನೆಲದ ಎಂಜಿನಿಯರ್

ಆ ಎಳೆಯನ್ನು ಕೈಗೆತ್ತಿಕೊಂಡವನು ರಫಾಯೆಲ್ ಬೊಂಬೆಲ್ಲಿ. ಬೊಲೋನ್ಯದಲ್ಲಿ 1526ರಲ್ಲಿ ಹುಟ್ಟಿದ ಇವನು ವೃತ್ತಿಯಿಂದ ಎಂಜಿನಿಯರ್. ಮಧ್ಯ ಇಟಲಿಯ ಕಿಯಾನಾ ಕಣಿವೆಯ ಜೌಗು ನೀರನ್ನು ಹೊರಹರಿಸಿ ನೆಲವನ್ನು ಕೃಷಿಗೆ ಸಜ್ಜುಗೊಳಿಸುವುದು ಅವನ ಕೆಲಸ. ಮುಂದೆ ಮೆಲ್ಫಿಯ ಧರ್ಮಾಧ್ಯಕ್ಷರಾದ ಅಲೆಸ್ಸಾಂಡ್ರೊ ರುಫೀನಿಯವರು ಅವನ ಆಶ್ರಯದಾತರು. ಆ ಕಾಮಗಾರಿ ಕೆಲವು ಕಾಲ ನಿಂತಾಗ ಬೊಂಬೆಲ್ಲಿ ಬೀಜಗಣಿತದ ಗ್ರಂಥವೊಂದನ್ನು ಬರೆಯತೊಡಗಿದನು. ಪಂಡಿತರ ಲ್ಯಾಟಿನ್ನನ್ನು ಬಿಟ್ಟು ಜನರ ಇಟಾಲಿಯನ್ ಭಾಷೆಯಲ್ಲಿ ಬರೆದನು. 1572ರಲ್ಲಿ ಅದರ ಮೂರು ಭಾಗಗಳು ಪ್ರಕಟವಾದವು. ಉಳಿದೆರಡರ ಹಸ್ತಪ್ರತಿ ಸಿಕ್ಕಿದ್ದು 1923ರಲ್ಲಿ.

ಬೊಂಬೆಲ್ಲಿ ಎತ್ತಿಕೊಂಡ ಲೆಕ್ಕ ಹೀಗಿದೆ: ಒಂದು ಸಂಖ್ಯೆಯ ಘನವು, ಅದೇ ಸಂಖ್ಯೆಯ ಹದಿನೈದರಷ್ಟಕ್ಕೆ ನಾಲ್ಕನ್ನು ಕೂಡಿದಷ್ಟಿದೆ, ಆ ಸಂಖ್ಯೆ ಯಾವುದು? ಉತ್ತರ ನಾಲ್ಕು. ನಾಲ್ಕರ ಘನ ಅರವತ್ತನಾಲ್ಕು. ಹದಿನೈದು ನಾಲ್ಕಲೆ ಅರವತ್ತು, ಅದಕ್ಕೆ ನಾಲ್ಕು ಸೇರಿದರೆ ಅರವತ್ತನಾಲ್ಕು. ಅನುಮಾನಕ್ಕೆ ಎಡೆಯೇ ಇಲ್ಲ. ಆದರೆ ಕಾರ್ಡಾನೊನ ಸೂತ್ರವನ್ನು ಅನ್ವಯಿಸಿದರೆ, 2 + √−121ರ ಘನಮೂಲ ಮತ್ತು 2 − √−121ರ ಘನಮೂಲ ಇವೆರಡರ ಮೊತ್ತವೇ ಉತ್ತರವೆಂದು ಬರುತ್ತದೆ. ಕಣ್ಣೆದುರಿಗಿರುವ ನಾಲ್ಕನ್ನು ತಲುಪಲು ಇಲ್ಲದ ಸಂಖ್ಯೆಯ ಮೇಲೆ ಹೆಜ್ಜೆಯಿಟ್ಟು ಹೋಗಬೇಕು!

ಮೊದಲಿಗೆ ಬೊಂಬೆಲ್ಲಿಗೂ ಇದು ಮಾತಿನ ಚಮತ್ಕಾರವೆಂದೇ ತೋರಿತ್ತು. ಆದರೆ ಅವನು ಹೆಜ್ಜೆಯಿಟ್ಟನು. ಋಣ ಒಂದರ ವರ್ಗಮೂಲವನ್ನು ಒಂದು ಸಂಖ್ಯೆಯೆಂದೇ ಬಗೆದು, ಅದನ್ನು ಕೂಡುವ, ಗುಣಿಸುವ ನಿಯಮಗಳನ್ನು ಬರೆದನು. ಆ ನಿಯಮಗಳಂತೆ 2 + √−1ರ ಘನವನ್ನು ಲೆಕ್ಕ ಹಾಕಿದರೆ 2 + √−121 ಬರುತ್ತದೆ. ಹಾಗೆಯೇ 2 − √−1ರ ಘನ 2 − √−121. ಈಗ ಎರಡು ಘನಮೂಲಗಳನ್ನು ಕೂಡಿಸಿ: √−1 ಒಮ್ಮೆ ಬಂದು ಒಮ್ಮೆ ಹೋಗುತ್ತದೆ, ಎರಡಕ್ಕೆ ಎರಡು ಸೇರಿ ನಾಲ್ಕು ಉಳಿಯುತ್ತದೆ.

ಈ ಲೆಕ್ಕಕ್ಕೂ ಕಾರ್ಡಾನೊನ ಲೆಕ್ಕಕ್ಕೂ ಇರುವ ಅಂತರವನ್ನು ನೋಡಿ. ಅಲ್ಲಿ ಪ್ರಶ್ನೆಯೇ ಅಸಾಧ್ಯವಾಗಿತ್ತು. ವಿಚಿತ್ರವಾದ ಉತ್ತರವನ್ನು ತಳ್ಳಿಹಾಕಬಹುದಾಗಿತ್ತು. ಇಲ್ಲಿ ಪ್ರಶ್ನೆಯೂ ನಿಜ, ಉತ್ತರವೂ ನಿಜ. ನಡುವಿನ ಸೇತುವೆ ಮಾತ್ರ ಕಾಣದ ಕಲ್ಲುಗಳದ್ದು. ಘನ ಸಮೀಕರಣಕ್ಕೆ ಮೂರು ಬೇರೆ ಬೇರೆ ವಾಸ್ತವ ಮೂಲಗಳಿದ್ದರೂ ಇಂತಹ ಮೂಲಚಿಹ್ನೆಗಳ ಸೂತ್ರದಲ್ಲಿ ಈ ಸೇತುವೆಯನ್ನು ತಪ್ಪಿಸಲಾಗದ ಸಂದರ್ಭಗಳಿವೆ ಎಂದು ಹತ್ತೊಂಬತ್ತನೆಯ ಶತಮಾನದಲ್ಲಿ ಸಾಧಿಸಿ ತೋರಿಸಲಾಯಿತು.

ರಸ್ತೆಯಿಂದ ಬಯಲಿಗೆ

ಆದರೂ ಅಪನಂಬಿಕೆ ಬೇಗ ಹೋಗಲಿಲ್ಲ. ಯೇಸುಸಭೆಯ ಗುರುಗಳ ಶಾಲೆಯಲ್ಲಿ ಓದಿದ್ದ ದೆಕಾರ್ತ್ 1637ರಲ್ಲಿ ಇಂತಹ ಮೂಲಗಳನ್ನು ‘ಕಾಲ್ಪನಿಕ’ ಎಂದು ಕರೆದನು. ಆ ಹೆಸರು ಅಂಟಿಕೊಂಡಿತು; ಅದಕ್ಕೆ ಪ್ರತಿಯಾಗಿ ಉಳಿದ ಸಂಖ್ಯೆಗಳು ‘ವಾಸ್ತವ’ ಎನಿಸಿಕೊಂಡವು. ಹತ್ತನೆಯ ತರಗತಿಯ ಪುಸ್ತಕದಲ್ಲಿ ಆ ಪದ ಏಕಿದೆ ಎಂಬ ಪ್ರಶ್ನೆಗೆ ಉತ್ತರ ಇದೇ. 1777ರಲ್ಲಿ, ದೃಷ್ಟಿಯನ್ನು ಕಳೆದುಕೊಂಡಿದ್ದ ಆಯ್ಲರ್, ಋಣ ಒಂದರ ವರ್ಗಮೂಲಕ್ಕೆ ‘ಐ’ ಎಂಬ ಅಕ್ಷರವನ್ನು ಬಳಸಿದನು. ಎಲ್ಲರೂ ಬಳಸುತ್ತಿದ್ದರು; ಅದು ಎಲ್ಲಿದೆಯೆಂದು ಮಾತ್ರ ಯಾರೂ ಬೆರಳಿಟ್ಟು ತೋರಿಸಿರಲಿಲ್ಲ.

ತೋರಿಸಿದವರು ದೊಡ್ಡ ಹೆಸರಿನವರಲ್ಲ. ಡೆನ್ಮಾರ್ಕಿನಲ್ಲಿ ಭೂಮಾಪನ ಮಾಡುತ್ತಿದ್ದ ಕಾಸ್ಪರ್ ವೆಸೆಲ್ 1797ರ ಮಾರ್ಚ್ 10ರಂದು ಅಲ್ಲಿನ ರಾಜ ಅಕಾಡೆಮಿಯ ಮುಂದೆ ತನ್ನ ಪ್ರಬಂಧವನ್ನಿಟ್ಟನು. ಅದು ಡೇನಿಷ್ ಭಾಷೆಯಲ್ಲಿದ್ದುದರಿಂದ ಸುಮಾರು ನೂರು ವರ್ಷ ಯಾರ ಗಮನಕ್ಕೂ ಬರಲಿಲ್ಲ. 1806ರಲ್ಲಿ ಅರ್ಗಾನ್ ಎಂಬಾತ ಇದೇ ವಿಚಾರವನ್ನು ಪ್ಯಾರಿಸ್ಸಿನಲ್ಲಿ ತನ್ನ ಹೆಸರನ್ನೂ ಹಾಕದೆ ಪ್ರಕಟಿಸಿದನು. ಅದೇ ವರ್ಷ, ಫ್ರೆಂಚ್ ಕ್ರಾಂತಿಯ ಕಾಲದಲ್ಲಿ ದೇಶ ಬಿಟ್ಟು ಇಂಗ್ಲೆಂಡಿನಲ್ಲಿ ನೆಲೆಸಿದ್ದ ಅಬ್ಬೆ ಬ್ಯುಯೆ ಎಂಬ ಗುರುಗಳು, √−1 ಎಂಬುದು ಲಂಬ ದಿಕ್ಕಿನ ಗುರುತು ಎಂದು ವಾದಿಸಿದ ಲೇಖನ ಲಂಡನ್ನಿನಲ್ಲಿ ಅಚ್ಚಾಯಿತು.

ಅವರು ಕಂಡದ್ದನ್ನು ಹೀಗೆ ಹೇಳಬಹುದು. ಪೂರ್ವ-ಪಶ್ಚಿಮವಾಗಿ ಸಾಗುವ ಒಂದು ನೇರ ರಸ್ತೆಯ ಮೇಲೆ ನೀವು ಪೂರ್ವಕ್ಕೆ ಮುಖಮಾಡಿ ನಿಂತಿದ್ದೀರಿ ಎಂದುಕೊಳ್ಳಿ. ನೀವು ನಿಂತ ಜಾಗ ಸೊನ್ನೆ. ಪೂರ್ವಕ್ಕೆ ಒಂದು ಹೆಜ್ಜೆ ಧನ ಒಂದು, ಪಶ್ಚಿಮಕ್ಕೆ ಒಂದು ಹೆಜ್ಜೆ ಋಣ ಒಂದು. ಋಣ ಒಂದರಿಂದ ಗುಣಿಸುವುದೆಂದರೆ ಹಿಂದಿರುಗಿ ನಿಲ್ಲುವುದು. ಹಾಗಾದರೆ ಯಾವ ಒಂದು ಕ್ರಿಯೆಯನ್ನು ಎರಡು ಸಲ ಮಾಡಿದರೆ ಹಿಂದಿರುಗಿದಂತಾಗುತ್ತದೆ? ಎಡಕ್ಕೆ ಕಾಲು ಸುತ್ತು ತಿರುಗಿ, ಮತ್ತೊಮ್ಮೆ ಎಡಕ್ಕೆ ಕಾಲು ಸುತ್ತು ತಿರುಗಿ, ಮುಖ ಪಶ್ಚಿಮಕ್ಕಾಯಿತು. ಆ ಕಾಲು ಸುತ್ತೇ ಋಣ ಒಂದರ ವರ್ಗಮೂಲ. ಮೊದಲ ಸಲ ತಿರುಗಿದಾಗ ನಿಮ್ಮ ಮುಖ ಉತ್ತರಕ್ಕಿತ್ತು. ಉತ್ತರ ದಿಕ್ಕು ಆ ರಸ್ತೆಯ ಮೇಲಿಲ್ಲ, ಪಕ್ಕದ ಬಯಲಿನಲ್ಲಿದೆ.

ಪ್ರಿಯ ಓದುಗರೇ, ಈಗ ಮಾನ್ಯಖೇಟಕ್ಕೆ ಮರಳೋಣ. ಮಹಾವೀರನು ಹೇಳಿದ್ದು ತಪ್ಪೇ? ಖಂಡಿತ ಅಲ್ಲ. ಅವನಿಗೆ ತಿಳಿದಿದ್ದುದು ರಸ್ತೆ. ಆ ರಸ್ತೆಯ ಮೇಲೆ ಅಂತಹ ಸ್ಥಳ ಅಂದೂ ಇರಲಿಲ್ಲ, ಇಂದೂ ಇಲ್ಲ. ಬಯಲು ಕಂಡಮೇಲೆ ರಸ್ತೆ ಸುಳ್ಳಾಗಲಿಲ್ಲ, ಬಯಲಿನ ಒಂದು ಭಾಗವಾಯಿತು.

1831ರಲ್ಲಿ ಮಹಾಗಣಿತಜ್ಞ ಗೌಸ್ ಈ ಬಯಲಿನ ಚಿತ್ರವನ್ನು ಒಪ್ಪಿ ವಿವರಿಸಿ, ಇವುಗಳನ್ನು ಸಂಕೀರ್ಣ ಸಂಖ್ಯೆಗಳೆಂದು ಕರೆದ ಮೇಲೆ ಹಳೆಯ ಸಂಕೋಚ ಅಳಿಯಿತು. ಇವುಗಳ ಮೇಲೆ ಹೊಸದೊಂದು ಶಾಸ್ತ್ರವನ್ನೇ ಕಟ್ಟಿದವರಲ್ಲಿ ಪ್ರಮುಖನಾದ ಫ್ರಾನ್ಸಿನ ಕೋಶಿ ಶ್ರದ್ಧಾವಂತ ಕಥೋಲಿಕನಾಗಿದ್ದು, ನಮ್ಮ ಧರ್ಮಕೇಂದ್ರಗಳಲ್ಲಿ ಇಂದಿಗೂ ಬಡವರ ಸೇವೆ ಮಾಡುತ್ತಿರುವ ಸಂತ ವಿನ್ಸೆಂಟ್ ದೆ ಪೌಲ್ ಸಭೆಯ ಕಾರ್ಯದಲ್ಲಿ ತೊಡಗಿಸಿಕೊಂಡಿದ್ದನು. 1893ರಲ್ಲಿ ಸ್ಟೈನ್‌ಮೆಟ್ಸ್ ಎಂಬ ಎಂಜಿನಿಯರ್, ದಿಕ್ಕು ಬದಲಿಸುತ್ತ ಹರಿಯುವ ವಿದ್ಯುತ್ತಿನ ಲೆಕ್ಕಗಳನ್ನು ಈ ಸಂಖ್ಯೆಗಳಿಂದ ಸುಲಭಗೊಳಿಸಿದನು. ನಮ್ಮ ಮನೆಯ ದೀಪಕ್ಕೆ ಬರುವುದು ಅಂತಹ ವಿದ್ಯುತ್ತೇ. 1926ರಲ್ಲಿ ಶ್ರೋಡಿಂಗರ್ ಪರಮಾಣುವಿನ ಒಳಗಿನ ನಡೆಯನ್ನು ತಿಳಿಸುವ ಸಮೀಕರಣವನ್ನು ಬರೆದಾಗ, ಅದರೊಳಗೇ ‘ಐ’ ಬಂದು ಕುಳಿತಿತು. ನಿರುಪಯೋಗಿಯೆಂದು ಕಾರ್ಡಾನೊ ಬದಿಗಿಟ್ಟಿದ್ದ ವಸ್ತು ಸೃಷ್ಟಿಯ ವರ್ಣನೆಗೇ ಬೇಕಾಯಿತು.

ಎರಡು ಬಗೆಯ ‘ಇಲ್ಲ’

ಗುರುವೊಬ್ಬನು ಇಂತಹ ಕಥೆಯನ್ನು ಹೇಳಿದಾಗ, “ನೋಡಿ, ಕಾಣದ ಸಂಖ್ಯೆಯೂ ಇದೆ, ಹಾಗೆಯೇ ಕಾಣದ ದೇವರೂ ಇದ್ದಾರೆ” ಎಂದು ಮುಗಿಸುತ್ತಾನೆಂದು ನೀವು ನಿರೀಕ್ಷಿಸಬಹುದು. ಹಾಗೆ ನಾನು ಹೇಳುವುದಿಲ್ಲ. ಸಂಖ್ಯೆಯ ಇರವು ಬೇರೆ, ದೇವರ ಇರವು ಬೇರೆ. ದುರ್ಬಲವಾದ ವಾದದಿಂದ ವಿಶ್ವಾಸವನ್ನು ಬೆಂಬಲಿಸಹೊರಟರೆ, ವಾದ ಬಿದ್ದ ದಿನ ವಿಶ್ವಾಸವೂ ಬಿತ್ತೆಂದು ಮಕ್ಕಳು ತಿಳಿದಾರು.

ಅಲ್ಲದೆ, ಎಲ್ಲ ‘ಇಲ್ಲ’ಗಳ ಆಚೆಯೂ ಬಯಲಿರುವುದಿಲ್ಲ. ಒಂದು ಸಂಖ್ಯೆಯನ್ನು ಸೊನ್ನೆಯಿಂದ ಭಾಗಿಸಿದರೆ ಎಷ್ಟು? ಋಣಸಂಖ್ಯೆಗೆ ಮೂಲವಿಲ್ಲವೆಂದು ಸರಿಯಾಗಿ ಹೇಳಿದ ಅದೇ ಮಹಾವೀರನು, ಸೊನ್ನೆಯಿಂದ ಭಾಗಿಸಿದ ಸಂಖ್ಯೆ ಬದಲಾಗದೆ ಉಳಿಯುತ್ತದೆಂದು ಬರೆದು ತಪ್ಪಿದನು. ಒಂಬತ್ತನ್ನು ಸೊನ್ನೆಯಿಂದ ಭಾಗಿಸಿ ಬರುವ ಸಂಖ್ಯೆಯೊಂದಿದ್ದರೆ ಅದನ್ನು ಸೊನ್ನೆಯಿಂದ ಗುಣಿಸಿದಾಗ ಒಂಬತ್ತು ಬರಬೇಕು. ಆದರೆ ಸೊನ್ನೆಯಿಂದ ಗುಣಿಸಿದ್ದೆಲ್ಲ ಸೊನ್ನೆಯೇ. ಅಂತಹ ಸಂಖ್ಯೆಯನ್ನು ಬಲವಂತವಾಗಿ ಒಳಗೆ ಸೇರಿಸಿದರೆ ಗಣಿತದ ಸಾಮಾನ್ಯ ನಿಯಮಗಳು ನಿಲ್ಲುವುದಿಲ್ಲ. ಒಬ್ಬನೇ ಪಂಡಿತನ ಎಚ್ಚರದ ‘ಇಲ್ಲ’ ಸಾವಿರ ವರ್ಷ ಬಾಳಿತು, ಅವಸರದ ‘ಹೌದು’ ಬಾಳಲಿಲ್ಲ.

ಬಯಲಿಗೆ ಇಳಿದವರೂ ಬೆಲೆ ತೆತ್ತರು. ರಸ್ತೆಯ ಮೇಲೆ ಯಾವ ಸಂಖ್ಯೆ ದೊಡ್ಡದು, ಯಾವುದು ಚಿಕ್ಕದು ಎಂದು ಹೇಳಬಹುದಿತ್ತು. ಬಯಲಿನಲ್ಲಿ ಅದು ಸಾಧ್ಯವಿಲ್ಲ. ‘ಐ’ ಸೊನ್ನೆಗಿಂತ ದೊಡ್ಡದೇ, ಚಿಕ್ಕದೇ ಎಂದು ಕೇಳಿದರೆ, ಗುಣಾಕಾರದ ನಿಯಮಗಳಿಗೆ ಹೊಂದುವ ಉತ್ತರವೇ ಇಲ್ಲ. ಹೊಸದೊಂದು ದೊರೆತಾಗ ಹಳೆಯದೊಂದನ್ನು ಬಿಡಬೇಕಾಯಿತು.

ಹೀಗೆ ‘ಇಲ್ಲ’ ಎಂಬುದರಲ್ಲಿ ಎರಡು ಬಗೆ: ‘ಇಲ್ಲಿ ಇಲ್ಲ’ ಎಂಬುದೊಂದು, ‘ಎಲ್ಲಿಯೂ ಇರಲಾರದು’ ಎಂಬುದಿನ್ನೊಂದು. ಇವೆರಡನ್ನು ಬೇರ್ಪಡಿಸಿ ತಿಳಿಯುವುದೇ ವಿವೇಚನೆ. ಅದು ಗಣಿತಕ್ಕೆ ಮಾತ್ರವಲ್ಲ, ನಮ್ಮ ಮನೆಗಳಿಗೂ ಧರ್ಮೋಪದೇಶದ ತರಗತಿಗಳಿಗೂ ಬೇಕಾದ ವರ. ಮಕ್ಕಳು ಪ್ರಶ್ನೆಯೆತ್ತಿದಾಗ, “ಹಾಗೆಲ್ಲ ಕೇಳಬಾರದು” ಎಂದು ಬಾಯಿ ಮುಚ್ಚಿಸಿದ ದಿನಗಳು ನಮ್ಮಲ್ಲಿ ಅನೇಕರ ಬದುಕಿನಲ್ಲಿವೆ. ಗುರುಗಳಾದ ನಾವೂ ಇದಕ್ಕೆ ಹೊರತಲ್ಲ. ಉತ್ತರ ಗೊತ್ತಿಲ್ಲದ್ದಕ್ಕೆ ನಾಚಿ ಪ್ರಶ್ನೆಯನ್ನೇ ತಪ್ಪೆಂದೆವು. ನಮ್ಮ ರಸ್ತೆ ಮುಗಿದಲ್ಲಿಗೆ ಲೋಕವೇ ಮುಗಿಯಿತೆಂದು ಮಕ್ಕಳಿಗೆ ಹೇಳಿದೆವು. ಹಾಗೆ ಬಾಯಿ ಮುಚ್ಚಿಸಿಕೊಂಡ ಮಗು ಮುಂದೆ ದೇವಾಲಯದ ಬಾಗಿಲಿಗೂ ಬೆನ್ನು ತಿರುಗಿಸಿದರೆ, ತಪ್ಪು ಆ ಮಗುವಿನದು ಮಾತ್ರವೇ?

ಮುಂದಿನ ಸಲ ನಿಮ್ಮ ಮಗಳು ಪುಸ್ತಕ ಹಿಡಿದು ಬಂದು ‘ವಾಸ್ತವ’ ಎಂಬ ಪದದತ್ತ ಬೆರಳು ತೋರಿಸಿದರೆ, ಅವಳನ್ನು ಹತ್ತಿರ ಕೂರಿಸಿಕೊಳ್ಳಿ. “ನೀನು ಈಗ ಕಲಿತಿರುವ ಸಂಖ್ಯೆಗಳಲ್ಲಿ ಇದಕ್ಕೆ ಮೂಲವಿಲ್ಲ ಮಗಳೇ, ಏಕೆಂದರೆ ಯಾವುದನ್ನು ವರ್ಗ ಮಾಡಿದರೂ ಋಣ ಬರುವುದಿಲ್ಲ. ಪಿ.ಯು.ಸಿ.ಯಲ್ಲಿ ಇನ್ನಷ್ಟು ಸಂಖ್ಯೆಗಳನ್ನು ಕಲಿಯುತ್ತೀಯೆ, ಆಗ ನೋಡೋಣ” ಎನ್ನಿ. ಬಳಿಕ ಅವಳನ್ನು ಅಂಗಳಕ್ಕೆ ಕರೆದೊಯ್ದು, ಪೂರ್ವಕ್ಕೆ ಮುಖಮಾಡಿ ನಿಲ್ಲಿಸಿ, ಎಡಕ್ಕೆ ಕಾಲು ಸುತ್ತು ತಿರುಗಲು ಹೇಳಿ.